ಕರೆದು ಕೂರಿಸಿದವರು

ಎದುರಿನ ಸೀಟಿನ ಮೇಲಿಟ್ಟಿದ್ದ ಬ್ಯಾಗನ್ನು ಮಲ್ಲಿಕಾಂಬ ಎತ್ತಿ ತೊಡೆಯ ಮೇಲಿಟ್ಟುಕೊಂಡಳು. ಜಾಗ ಬಿಡಿ ಎಂದು ಯಾರೂ ಕೇಳಿರಲಿಲ್ಲ. ಬೆಳಗಿನ ಪ್ಯಾಸೆಂಜರ್ ಗಾಡಿ ಅಜ್ಜಂಪುರ ಬಿಟ್ಟಾಗಿನಿಂದ ಅರ್ಧಕ್ಕರ್ಧ ಖಾಲಿಯೇ ಓಡುತ್ತಿತ್ತು. ಶಿವನಿಯಲ್ಲಿ ಹತ್ತಿದ್ದ ಇಬ್ಬರು ಹೆಂಗಸರು ಆಚೆ ಬದಿಯ ಸೀಟುಗಳಲ್ಲಿ ಉದ್ದಕ್ಕೆ ಮಲಗಿ ಗೊರಕೆ ಹೊಡೆಯುತ್ತಿದ್ದರು. ಆದರೂ ಪಾಪ, ಆ ಮನುಷ್ಯ ಎಷ್ಟು ಹೊತ್ತಿನಿಂದ ನಿಂತಿದ್ದಾನೋ ಎನ್ನಿಸಿ ಕೈ ತಾನಾಗಿಯೇ ಬ್ಯಾಗಿಗೆ ಹೋಗಿತ್ತು. ಈಗ ಆತ ಕೂತ. ತಾಲ್ಲೂಕು ಕಚೇರಿಯ ಬೆಂಚಿನ ಮೇಲೆ ಕೂರುವವರ ಹಾಗೆ ಸೀಟಿನ ಅಂಚಿಗಷ್ಟೇ ಕೂತು, ಹೆಗಲ ಮೇಲಿನ ಟವೆಲನ್ನು ಮಡಿಚಿ ತೊಡೆಯ ಮೇಲೆ ಹಾಕಿಕೊಂಡು, ಕಿಟಕಿಯಾಚೆ ತೆನೆ ಬಿಡುತ್ತಿದ್ದ ರಾಗಿ ಹೊಲಗಳನ್ನು ನೋಡತೊಡಗಿದ. ಬದುಕಿದ್ದಾಗ ಅವಳು ಒಮ್ಮೆಯೂ ಕಂಡಿರದ ಮನುಷ್ಯ, ಫೋಟೋದಲ್ಲಿ ಕೂಡ. ಹೆಸರು ತಿಮ್ಮರಾಯಪ್ಪ, ಹಿರೇನಲ್ಲೂರಿನ ಕಡೆಯ ರೈತ, ಯುಗಾದಿ ಕಳೆದ ಹೊಸದರಲ್ಲಿ ತೀರಿಕೊಂಡವನು. ಮನಶ್ಶಾಸ್ತ್ರದಲ್ಲಿ ಎಂಎಸ್ಸಿ ಮಾಡಿಕೊಂಡು ಊರ ಜನರ ಮನಸ್ಸು ರಿಪೇರಿ ಮಾಡಲು ಹೊರಟ ತನಗೆ ಇದೇನು ಬಂತಪ್ಪ ಎಂದು ನಗಲು ನೋಡಿದಳು. ನಗು ಬರಲಿಲ್ಲ.

ಅವಳ ಕೆಲಸ ಏನೆಂದು ಅವಳಪ್ಪ ನಂಜುಂಡಪ್ಪನಿಗೇ ಇನ್ನೂ ಸರಿಯಾಗಿ ಗೊತ್ತಿಲ್ಲ. ಅಜ್ಜಂಪುರದ ಪೇಟೆಯಲ್ಲಿ ದಿನಸಿ ಅಂಗಡಿ ಇಟ್ಟಿರುವ ಆತ ಬಂದ ಗಿರಾಕಿಗಳಿಗೆಲ್ಲ, 'ನಮ್ಮ ಹುಡ್ಗಿ ಬುದ್ಧಿ ಹೇಳೋ ಡಾಕ್ಟ್ರು ಕಣ್ರೀ' ಎನ್ನುತ್ತಾನೆ. ಬುದ್ಧಿ ಹೇಳೋದಲ್ಲ ಅಪ್ಪಾಜಿ, ಕೇಳಿಸ್ಕೊಳ್ಳೋದು ಎಂದು ಅವಳು ತಿದ್ದಿ ತಿದ್ದಿ ಸಾಕಾಗಿ ಬಿಟ್ಟಿದ್ದಾಳೆ. ಒಂದು ಸಣ್ಣ ಟ್ರಸ್ಟಿನವರು ಕಡೂರಿನಲ್ಲಿ ಬೀಜ ಗೊಬ್ಬರದ ಅಂಗಡಿಯ ಮೇಲಿನ ಕೋಣೆ ಬಾಡಿಗೆ ಹಿಡಿದು ಅವಳನ್ನು ಕೂರಿಸಿದ್ದಾರೆ; ವಾರಕ್ಕೊಮ್ಮೆ ತರೀಕೆರೆಯಲ್ಲೂ ಕೂರುತ್ತಾಳೆ. ತಮಾಷೆ ಏನೆಂದರೆ ತರೀಕೆರೆಯವರು ಕಡೂರಿನ ಮೆಟ್ಟಿಲು ಹತ್ತುತ್ತಾರೆ, ಕಡೂರಿನವರು ತರೀಕೆರೆಗೆ ಬಸ್ಸು ಹಿಡಿಯುತ್ತಾರೆ. ತಮ್ಮೂರಿನಲ್ಲಿ ಆ ಮೆಟ್ಟಿಲು ಹತ್ತಿದ್ದನ್ನು ಯಾರಾದರೂ ಕಂಡರೆ ಮಾರನೆಯ ದಿನಕ್ಕೆ ಹುಚ್ಚು ಹಿಡಿದಿದೆ ಎಂದೇ ಲೆಕ್ಕ. ತಿಮ್ಮರಾಯಪ್ಪನ ಹೆಂಡತಿ ಕರಿಬಸಮ್ಮ ಮಾತ್ರ ಹಾಗೆಲ್ಲ ನೋಡಲಿಲ್ಲ. ಹತ್ತಿರದ ಊರು ಕಡೂರು, ಹಾಗಾಗಿ ಕಡೂರಿಗೇ ಬಂದಳು. ಅವಳ ಮಗ ಪರಮೇಶ ನಿನ್ನೆ ಸಂಜೆ ಫೋನು ಮಾಡಿದ್ದ. 'ಮೇಡಂ, ನಾಳೆ ಅವ್ವನ್ನ ಕರ್ಕಂಡ್ ಬತ್ತೀನಿ. ಅನ್ನ ಪೂರ್ತಿ ಬಿಟ್ಬಿಟ್ಟವ್ಳೆ. ಟೀ ಬಿಟ್ರೆ ಏನೂ ಒಳಗಿಳೀತಿಲ್ಲ. ಹಿಂಗೇ ಆದ್ರೆ ಅವ್ಳೂ ಹೋಯ್ತಾಳೆ ಕಣ್ರೀ.' ಕೊನೆಯ ಮಾತಿನಲ್ಲಿ ಅಳು ಇರಲಿಲ್ಲ, ಸಿಟ್ಟಿತ್ತು. ಆ ಸಿಟ್ಟು ತನ್ನ ಮೇಲೆಯೇ ಎಂದು ಅವಳಿಗೆ ರಾತ್ರಿಯಿಡೀ ಅನ್ನಿಸಿತು.

ಬೀರೂರಿನಲ್ಲಿ ಗಾಡಿ ನಿಂತಿತು. ಅಲ್ಲಿ ನಿಂತರೆ ಅದು ಹೊರಡುವುದು ತನಗೆ ತೋಚಿದಾಗಲೇ. ಪ್ಲಾಟ್‌ಫಾರಮ್ಮಿನ ಇಡ್ಲಿಯ ವಾಸನೆಗೆ ತಿಮ್ಮರಾಯಪ್ಪ ಒಂದು ಸಲ ತಲೆ ಎತ್ತಿ, ಮತ್ತೆ ತಗ್ಗಿಸಿದ. ಹಸಿವಿರಬೇಕು. ಹಸಿದೇ ಸತ್ತವನು. ಎತ್ತಿನ ಜೋಡಿಯನ್ನು ಹೆಂಡತಿಗೆ ಒಂದು ಮಾತೂ ಹೇಳದೆ ಸಂತೆಯಲ್ಲಿ ಮಾರಿಬಂದಿದ್ದ. ಮಧ್ಯಾಹ್ನ ಊಟಕ್ಕೆ ಕೂತಾಗ ಕರಿಬಸಮ್ಮ ಮುದ್ದೆ ಬಡಿಸುತ್ತ, 'ಮಕ್ಳಂಗೆ ಸಾಕಿದ್ವು, ಮಾರ್ ಬಂದ್ರಲ್ಲ, ಅದೇ ಕೈಲಿ ತುತ್ತು ಎತ್ತೋಕೆ ನಿಮ್ಗೆ ನಾಚ್ಕೆ ಆಗಲ್ವಾ' ಎಂದುಬಿಟ್ಟಳು. ಆತ ಮುರಿದ ಮುದ್ದೆಯನ್ನು ಹಾಗೇ ಬಿಟ್ಟು, ತಟ್ಟೆಯಲ್ಲೇ ಕೈ ತೊಳೆದು, ಹೋಗಿ ಖಾಲಿ ಕೊಟ್ಟಿಗೆಯ ಮುಂದೆ ಟವೆಲ್ ಹಾಸಿ ಮಲಗಿದ. ಸಂಜೆ ಎಬ್ಬಿಸಲು ಹೋದರೆ ಮೈ ತಣ್ಣಗಾಗಿತ್ತು. ಇದನ್ನು ಮೊದಲ ದಿನ ಹೇಳುವಾಗ ಕರಿಬಸಮ್ಮ ಅಳಲಿಲ್ಲ, ತನ್ನ ಬಲಗೈಯನ್ನೇ ತಿರುಗಿಸಿ ತಿರುಗಿಸಿ ನೋಡಿಕೊಂಡಳು. ತಾನು ತುತ್ತು ಎತ್ತಿದಾಗಲೆಲ್ಲ ಆತ ಕೈ ತೊಳೆದ ನೀರಿನ ಸದ್ದು ಕೇಳುತ್ತದೆ, ಗಂಟಲು ಕಟ್ಟಿಕೊಳ್ಳುತ್ತದೆ ಎಂದಳು. ಮಲ್ಲಿಕಾಂಬನಿಗೆ ಒಳಗೊಳಗೇ ಸಂತೋಷವಾಗಿತ್ತು, ಎಂಥ ಪಾಪಿ ತಾನು! ಬೆಂಗಳೂರಿನ ಶಿಬಿರವೊಂದರಲ್ಲಿ ಕಲಿತುಬಂದಿದ್ದ ವಿದ್ಯೆಯೊಂದನ್ನು ಪ್ರಯೋಗಿಸಲು ಇದಕ್ಕಿಂತ ಒಳ್ಳೆಯ ಸಂದರ್ಭ ಸಿಗಲಾರದು ಎಂದು.

ಖಾಲಿ ಕುರ್ಚಿಯ ವಿದ್ಯೆ. ದುಃಖ ಒಳಗೇ ಹೆಪ್ಪುಗಟ್ಟಿದವರ ಮುಂದೆ ಒಂದು ಖಾಲಿ ಕುರ್ಚಿ ಇಡುವುದು. ಸತ್ತವರು ಅದರಲ್ಲಿ ಕೂತಿದ್ದಾರೆಂದು ಭಾವಿಸಿಕೊಂಡು ಹೇಳದೆ ಉಳಿದದ್ದನ್ನೆಲ್ಲ ಹೇಳಲು ಬಿಡುವುದು. ಶಿಬಿರದ ಎಸಿ ಹಾಲಿನಲ್ಲಿ ಕಲಿಸುವಾಕೆಯೇ ಅಮ್ಮನ ಹತ್ತಿರ ಮಾತಾಡಿ ಅತ್ತು, ಮೂಗು ಒರೆಸಿಕೊಂಡು, ಎಲ್ಲರೂ ಚಪ್ಪಾಳೆ ತಟ್ಟಿ, ಆಮೇಲೆ ಕಾಫಿ ಬಿಸ್ಕತ್ತು ಕೊಟ್ಟಿದ್ದರು. ಮಲ್ಲಿಕಾಂಬ ಕೆಂಪು ಪ್ಲಾಸ್ಟಿಕ್ ಕುರ್ಚಿಯನ್ನು ಎಳೆದು ಕರಿಬಸಮ್ಮನ ಮುಂದೆ ಇಟ್ಟಳು. 'ಇಲ್ಲಿ ಯಜಮಾನ್ರು ಕೂತಿದ್ದಾರೆ ಅಂದ್ಕೊಳ್ಳಿ ಅಮ್ಮ. ಹೆಸರು ಹಿಡಿದು ಕರೀರಿ. ಮನಸ್ಸಲ್ಲಿರೋದನ್ನ ಹೇಳ್ಬಿಡಿ.' ಕರಿಬಸಮ್ಮ ಕುರ್ಚಿಯನ್ನು ನೋಡಿದಳು, ಇವಳ ಮುಖ ನೋಡಿದಳು. 'ಅಂದ್ಕಳ್ಳೋದ್ಯಾಕೆ ಮೇಡಮ್ನೋರೆ, ಕರುದ್ರೆ ಬತ್ತಾರೆ. ನಿಜವಾಗ್ಲೂ ಕರೀಲಾ?' ಕರೀರಿ ಎಂದಳು ಇವಳು. 'ಇಲ್ಲಿಗಾ? ಈಗ್ಲಾ?' ಇದು ಪುಸ್ತಕದಲ್ಲಿ ಹೇಳುವ ಹಿಂಜರಿಕೆಯೇ ಸೈ, ಬಿಡಬಾರದು ಎಂದುಕೊಂಡು, ಹ್ಞೂಂ, ಧೈರ್ಯವಾಗಿ ಕರೀರಿ ಎಂದಳು. ಮುದುಕಿ ಎದ್ದಳು. ಸೆರಗಿನಿಂದ ಕುರ್ಚಿಯ ಧೂಳು ಒರೆಸಿದಳು. ತಲೆಯ ಮೇಲೆ ಸೆರಗು ಹೊದ್ದು, ನಲವತ್ತು ವರ್ಷದ ಸಂಸಾರದಲ್ಲಿ ಒಂದು ಸಲವೂ ಬಾಯಿಂದ ಬಾರದಿದ್ದ ಗಂಡನ ಹೆಸರನ್ನು, ಯಾರೋ ಹಿಂದಿನಿಂದ ತಳ್ಳಿದರೆ ಮುಗ್ಗರಿಸುವ ಹಾಗೆ, ಅಂದುಬಿಟ್ಟಳು. ಆಮೇಲೆ ಹೆಚ್ಚು ಮಾತಾಡಲೂ ಇಲ್ಲ. ಕಣ್ಣು ಅಗಲ ಮಾಡಿಕೊಂಡು ನೋಡುತ್ತ ಕೂತಳು. 'ಉಂಡ್ರಾ' ಎಂದು ಕೇಳಿದಳು. ಅಷ್ಟರಲ್ಲಿ ಹೊತ್ತು ಮುಗಿದಿತ್ತು, ಹೊರಗೆ ಮುಂದಿನವರು ಕಾಯುತ್ತಿದ್ದರು. ಇವತ್ತಿಗೆ ಇಷ್ಟು ಸಾಕು ಅಮ್ಮ ಎಂದು ಮಲ್ಲಿಕಾಂಬ ತಾನೇ ಕುರ್ಚಿ ಎತ್ತಿ ಗೋಡೆಯ ಕಡೆಗೆ ಮುಖ ಮಾಡಿ ಇಟ್ಟಳು. ಅಯ್ಯೋ ಎಂದಳು ಕರಿಬಸಮ್ಮ. ದುಃಖ ಹೊರಬಿತ್ತು ಎಂದು ಇವಳು ಹಿಗ್ಗಿದಳು.

ಎರಡನೆಯ ಸಲ ಬಂದಾಗ ಕರಿಬಸಮ್ಮ ಬಾಗಿಲಲ್ಲೇ ನಿಂತುಬಿಟ್ಟಳು. ಸೆರಗು ತಲೆಯ ಮೇಲೆ ಬಂತು. ಒಳಗೆ ಬಂದವಳು ಕುರ್ಚಿಯಲ್ಲಿ ಕೂರದೆ ನೆಲದ ಮೇಲೆ ಕೂತಳು. ಮೇಲೆ ಕೂತ್ಕೊಳ್ಳಿ ಅಮ್ಮ ಎಂದರೆ, 'ಅವ್ರು ಮ್ಯಾಲ್ ಕುಂತವ್ರೆ, ನಾನ್ ಹೆಂಗ್ ಕುತ್ಕಳ್ಳಿ ತಾಯಿ' ಎಂದು ಕೆಂಪು ಕುರ್ಚಿಯ ಕಡೆ ಗಲ್ಲ ತೋರಿಸಿದಳು. ಅವತ್ತಿನಿಂದ ಇಲ್ಲೇ ಇದ್ದಾರೆ, ಎದ್ದು ಹೋಗಿಲ್ಲ ಎಂದಳು. ಮಲ್ಲಿಕಾಂಬ ಬೆಂಗಳೂರಿನಲ್ಲಿರುವ ಮೇಲಿನವರಿಗೆ ಫೋನು ಹಚ್ಚಿದಳು. ಭ್ರಮೆ ಶುರುವಾಗಿದೆ, ಮನೋವೈದ್ಯರಿಗೆ ಕಳಿಸಿ, ಮಾತ್ರೆ ಕೊಡ್ತಾರೆ; ನೀವು ಮಾತ್ರ ಹೌದು ಅನ್ನಬೇಡಿ, ಇಲ್ಲ ಅನ್ನಬೇಡಿ, ಎಂದರು ಅವರು. ಮಾತ್ರೆ ಕೊಡಿಸಿದ್ದಾಯಿತು. ಕರಿಬಸಮ್ಮನಿಗೆ ನಿದ್ದೆ ಬಂತು, ಹಸಿವು ಬರಲಿಲ್ಲ. ಇತ್ತ ಇವಳಿಗೆ ಬೇರೆಯೇ ತೊಂದರೆ ಶುರುವಾಯಿತು. ಕೆಂಪು ಕುರ್ಚಿಯನ್ನು ಯಾರಿಗಾದರೂ ಕೊಡಲು ಕೈ ಬಾರದು. ಜನ ಹೆಚ್ಚಾದ ದಿನ ಹೇಮಾವತಿ, ಅಂದರೆ ಅಲ್ಲಿ ಕಸ ಗುಡಿಸಿ ಚೀಟಿ ಕೊಡುವಾಕೆ, ಅದನ್ನು ಹೊರಗೆ ಒಯ್ಯಲು ಬಂದರೆ, ಅದು ಇರ್ಲಿ ಬಿಡೇ ಎಂದು ಗದರಿಬಿಡುತ್ತಿದ್ದಳು.

ಹೌದು ಅನ್ನಲಿಲ್ಲ, ಇಲ್ಲ ಅನ್ನಲಿಲ್ಲ. ನಡುವೆ ಆತ ಬೆಳೆದ. ಕರಿಬಸಮ್ಮ ಆಡಿದ ಚೂರುಪಾರು ಮಾತುಗಳಿಂದ ಒಂದೊಂದಾಗಿ ಬಂದು ಸೇರಿಕೊಂಡ: ಮೊದಲು ಟವೆಲ್ಲು, ಆಮೇಲೆ ಕಿವಿಯ ಮೇಲೆ ಸಿಕ್ಕಿಸಿಕೊಂಡ ಅರ್ಧ ಬೀಡಿ, ಎತ್ತಿನ ಹಗ್ಗ ಹಿಡಿದು ಹಿಡಿದು ಗಡಸಾದ ಅಂಗೈ. ಬೀರೂರಿನ ಗೂಡ್ಸ್ ಶೆಡ್ಡಿನಲ್ಲಿ ಮೂಟೆ ಹೊರುವ ಬಿಹಾರದ ಹುಡುಗ ಬಂದು, ಊರಲ್ಲಿ ಅಣ್ಣ ಸತ್ತಾಗ ರಜೆ ಸಿಗಲಿಲ್ಲ, ತಲೆ ಬೋಳಿಸಿಕೊಳ್ಳಲೂ ಆಗಲಿಲ್ಲ ಎಂದು ಹರಕು ಹಿಂದಿ-ಕನ್ನಡದಲ್ಲಿ ಹೇಳುವಾಗ, ಗೋಡೆಯ ಕಡೆಯಿಂದ ತಿಮ್ಮರಾಯಪ್ಪ ಲೊಚಗುಟ್ಟಿದ. ಮದುವೆ ಮುರಿದುಕೊಂಡು ಬಂದ ತರೀಕೆರೆಯ ಸಾಬರ ಹುಡುಗಿ ಮಾತು ನಿಲ್ಲಿಸಿ ಸುಮ್ಮನೆ ಕೂತಾಗ ಆತನೂ ಸುಮ್ಮನೆ ಕೂತ, ಮೌನ ಭಾರವಾಗಲಿಲ್ಲ. ಒಬ್ಬರ ಗುಟ್ಟನ್ನು ಮೂರನೆಯವರು ಕೇಳಬಾರದೆಂಬ ವೃತ್ತಿಯ ನಿಯಮ ನೆನಪಾಗಿ ಮೊದಮೊದಲು ಮುಜುಗರವಾಗುತ್ತಿತ್ತು. ಆಮೇಲೆ, ಯಾಕೆ ಸುಳ್ಳು ಹೇಳಬೇಕು, ಹಿತವೆನ್ನಿಸತೊಡಗಿತು. ದಿನವಿಡೀ ಬೇರೆಯವರ ಕಣ್ಣೀರು ತುಂಬಿಕೊಂಡು ಸಂಜೆ ಗಾಡಿ ಹತ್ತುವವಳಿಗೆ ಜೊತೆಗೊಬ್ಬ ಸಾಕ್ಷಿ ಸಿಕ್ಕಿದ್ದ. ಕಳೆದ ವಾರದಿಂದ ಗಾಡಿಗೂ ಬರತೊಡಗಿದ್ದ.

ಒಂದು ದಿನ ಊಟದ ಹೊತ್ತಿನಲ್ಲಿ ಅವಳು ಅಪ್ಪನನ್ನು ಕೇಳಿದ್ದಳು, ನಮ್ಮಲ್ಲಿ ಸತ್ತೋರು ತಿರುಗಿ ಬರ್ತಾರಾ ಅಪ್ಪಾಜಿ ಎಂದು. ಕೊರಳಲ್ಲಿ ಲಿಂಗ ಕಟ್ಟಿದವರಿಗೆ ಸಾವಿಲ್ಲ, ಶಿವನಲ್ಲಿ ಐಕ್ಯ ಎಂದು ಮಠದಲ್ಲಿ ಕೇಳಿ ಬೆಳೆದ ಆತ, ಮಜ್ಜಿಗೆ ಸುರಿದುಕೊಳ್ಳುತ್ತ, 'ಹೋದ್ರೆ ತಾನೇ ಬರೋಕೆ' ಎಂದ. ಅಷ್ಟಕ್ಕೇ ಮಾತು ಮುಗಿದಿತ್ತು. ಅವಳು ಓದುವಾಗ ಬೇರೆ ಬೇರೆ ಹಿನ್ನೆಲೆಯವರಿಗೆ ಸಮಾಲೋಚನೆ ಮಾಡುವುದು ಹೇಗೆ ಎಂದೇ ಒಂದು ಪೇಪರಿತ್ತು. ಅದರಲ್ಲಿ ಕ್ಲಾಸಿಗೇ ಮೊದಲು ಬಂದವಳು. ಹಾಗಾಗಿ ಬಿಹಾರದವನನ್ನು ನಿಮ್ಮ ಕಡೆ ಸಾವಾದರೆ ಏನು ಮಾಡುತ್ತೀರಿ ಎಂದು ಕೇಳಿ ತಿಳಿದುಕೊಂಡಿದ್ದಳು, ತರೀಕೆರೆಯ ಹುಡುಗಿಯನ್ನು ಶುಕ್ರವಾರ ಕರೆಯುತ್ತಿರಲಿಲ್ಲ. ಕರಿಬಸಮ್ಮನನ್ನು ಮಾತ್ರ ಏನೂ ಕೇಳಲಿಲ್ಲ. ಕೇಳುವುದೇನಿದೆ, ನಮ್ಮ ಕಡೆಯವರು, ಅದೇ ಮಾತು, ಅದೇ ಮುದ್ದೆ. ತಲೆ ಚಚ್ಚಿಕೊಳ್ಳಬೇಕು ಅನ್ನಿಸಿತು ಅವಳಿಗೆ, ಗಾಡಿ ಕಡೂರಿಗೆ ಬಂದು ನಿಂತಾಗ. ಇಳಿಯುವಾಗ ತಿಮ್ಮರಾಯಪ್ಪನಿಗೆ ದಾರಿ ಬಿಟ್ಟು ಹಿಂದೆ ಇಳಿದಳು.

ಮೆಟ್ಟಿಲ ಬುಡದಲ್ಲಿ ಪರಮೇಶನ ಬೈಕು ಆಗಲೇ ನಿಂತಿತ್ತು. ಕರಿಬಸಮ್ಮ ಕೆಳಗಿನ ಮೆಟ್ಟಿಲ ಮೇಲೆ ಕೂತಿದ್ದಳು. ರವಿಕೆಯ ತೋಳು ಜೋತುಬಿದ್ದಿತ್ತು, ಕೆನ್ನೆ ಒಳಗೆ ಹೋಗಿತ್ತು. ತೊಡೆಯ ಮೇಲೆ ಬಟ್ಟೆ ಸುತ್ತಿದ ಸ್ಟೀಲಿನ ಕ್ಯಾರಿಯರ್ ಇತ್ತು. 'ಬ್ಯಾಡ ಅಂದ್ರೆ ಕೇಳಲಿಲ್ಲ ಮೇಡಂ' ಎಂದ ಪರಮೇಶ, ನೆಲ ನೋಡುತ್ತ. 'ಕೋಳಿ ಕೂಗೋಕ್ಕೆ ಮುಂಚೆ ಎದ್ದು ಮಾಡವ್ಳೆ.' ಒಳಗೆ ಹೋಗಿ ಕೂತ ಮೇಲೆ ಕರಿಬಸಮ್ಮ ಗೋಡೆಯ ಕಡೆ ಒಂದು ಸಲ ನೋಡಿ ಸೆರಗು ಸರಿ ಮಾಡಿಕೊಂಡಳು. ದನಿ ಹೊರಡುತ್ತಿರಲಿಲ್ಲ, ಆದರೂ ಮಾತು ಸ್ಪಷ್ಟವಾಗಿತ್ತು. 'ಮಾಲಯ ಅಮಾಸೆಗೆ ಮನೇಲ್ ಎಡೆ ಇಕ್ಕಿದ್ವಿ ತಾಯಿ. ಅವ್ರಿಗೇನ್ ಇಷ್ಟ ಅದೆಲ್ಲಾ ಇಕ್ಕಿ, ಕದ ಎಳ್ಕಂಡು, ಹಟ್ಟಿ ಬಾಗ್ಲಲ್ ಕಾದ್ವಿ. ನಂಗೊತ್ತಿತ್ತು ಬರಕಿಲ್ಲ ಅಂತ. ಹೆಂಗ್ ಬತ್ತಾರೆ? ನೀವು ಇಲ್ಲಿ ಕರ್ದು ಕೂರ್ಸಿದ್ದೀರಿ.'

'ಆಮೇಲೆ?' ಎಂದಳು ಮಲ್ಲಿಕಾಂಬ.

'ಆಮೇಲೇನು. ಕಾಗೆ ಮುಟ್ಲಿಲ್ಲ. ನಮ್ಮಲ್ಲಿ ಹಿರೀಕರ್ನ ಸುಮ್ ಸುಮ್ನೆ ಕರಿಯಲ್ಲ ಮೇಡಮ್ನೋರೆ. ಕರುದ್ರೆ ಉಣ್ಣೋಕ್ ಇಕ್ಬೇಕು, ಉಂಡ್ಮೇಲೆ ಕಳಿಸ್ಕೊಡ್ಬೇಕು. ನೀವು ಹೆಸ್ರು ಹಿಡಿಸಿ ಕರ್ಸಿದ್ರಿ. ಕುಂತ್ರು. ಒಂದ್ ಲೋಟ ನೀರೂ ಕೊಡ್ಲಿಲ್ಲ, ಮಖ ಗೋಡೆಗ್ ತಿರುಗ್ಸಿದ್ರಿ. ನಾನ್ ಒಂದ್ ಸಲ ಊಟದ್ ಮುಂದಿಂದ ಎಬ್ಬಿಸ್ದೆ. ನೀವ್ ಕರ್ದು ಉಪಾಸ ಕೂರ್ಸಿದ್ರಿ. ಅವ್ರು ಹಿಂಗ್ ಹಸ್ಕಂಡ್ ಕುಂತಿರೋವಾಗ ನನ್ ಗಂಟ್ಲಲ್ಲಿ ಹೆಂಗ್ ಇಳೀತೈತೆ, ನೀವೇ ಹೇಳಿ.' ಇದರಲ್ಲಿ ಬೈಗುಳ ಇರಲಿಲ್ಲ. ಬೈದಿದ್ದರೆ ವಾಸಿಯಿತ್ತು. ನೆಂಟರ ಮನೆಯಲ್ಲಿ ಆದ ಅಚಾತುರ್ಯವನ್ನು ಆ ಮನೆಯವರಿಗೆ ನೋವಾಗದಂತೆ ಹೇಳುವ ಹಾಗೆ ಹೇಳುತ್ತಿದ್ದಳು. ಮಲ್ಲಿಕಾಂಬನ ಮುಖಕ್ಕೆ ರಕ್ತ ನುಗ್ಗಿತು. ಇಷ್ಟು ದಿನ ಎದುರಿಗೇ ಕೂತಿದ್ದ ಮನುಷ್ಯ, ಗಾಡಿಯಲ್ಲಿ ಜೊತೆಗೆ ಬರುತ್ತಿದ್ದ ಮನುಷ್ಯ, ಊಟ ಆಯಿತೇ ಎಂದು ತಾನು ಒಂದು ದಿನವೂ ಕೇಳಲಿಲ್ಲವಲ್ಲ!

ಆದರೂ ಬಾಯಿಂದ ಬಂದದ್ದು ಬೇರೆ. ಮಾತ್ರೆ ತಗೊಳ್ತಿದ್ದೀರಾ ಅಮ್ಮ ಎಂದಳು. ಇನ್ನೊಂದು ಸಲ ಡಾಕ್ಟರ ಹತ್ರ ಹೋಗೋಣ, ಡ್ರಿಪ್ ಹಾಕಿದರೆ ಸ್ವಲ್ಪ ಶಕ್ತಿ ಬರುತ್ತೆ ಎಂದಳು. ತನ್ನ ದನಿ ತನಗೇ ಫೋನಿನಲ್ಲಿ ಬರುವ ಬ್ಯಾಂಕಿನವರ ದನಿಯ ಹಾಗೆ ಕೇಳಿತು. ಕರಿಬಸಮ್ಮ ಕ್ಯಾರಿಯರಿನ ಬಟ್ಟೆಯ ಗಂಟು ಬಿಚ್ಚಿ ಮತ್ತೆ ಕಟ್ಟಿದಳು. ಪರಮೇಶನೇ ಸಿಡಿದ. 'ಏನ್ರೀ ಮೇಡಂ, ನಾನೂ ಡಿಗ್ರಿ ಓದಿದೀನಿ. ನಂಗೂ ಇದ್ರಲ್ಲೆಲ್ಲ ಅಷ್ಟಕ್ಕಷ್ಟೇ. ಆದ್ರೆ ನಿಮ್ ಕುರ್ಚಿ ಆಟ ನೀವ್ ಆಡ್ಬೋದು, ನಮ್ಮವ್ವ ಒಂದ್ ಎಡೆ ಇಕ್ಬಾರ್ದಾ? ಕರ್ಸೋವಾಗ ಚಿಕಿತ್ಸೆ, ಕಳ್ಸೋವಾಗ ಹುಚ್ಚಾ?' ಲೇ ಸುಮ್ಕಿರೋ ಎಂದು ತಾಯಿ ತಡೆದಳು. ಮಲ್ಲಿಕಾಂಬ ಗೋಡೆಯ ಕಡೆ ನೋಡಿದಳು. ತಿಮ್ಮರಾಯಪ್ಪ ಯಾರ ಪರವಾಗಿಯೂ ಇರಲಿಲ್ಲ. ಟವೆಲನ್ನು ಬಿಡಿಸಿ ಮಡಿಚುತ್ತಿದ್ದ. ಮಕ್ಕಳು ಎದುರಿಗೇ ತಮ್ಮ ವಿಷಯಕ್ಕೆ ಜಗಳ ಆಡುವಾಗ ಹಿರಿಯರು ಹಾಗೇ ಏನಾದರೂ ಮಾಡಿಕೊಂಡಿರುತ್ತಾರೆ.

'ಏನು ತಂದಿದ್ದೀರಿ ಅಮ್ಮ?' ಎಂದಳು ಅವಳು. ಅವತ್ತಿನ ಮೊದಲ ಪ್ರಶ್ನೆ ಅದು, ನಿಜವಾದದ್ದು.

ಮುದ್ದೆ, ಕುರಿ ಬಾಡಿನ ಸಾರು, ಸ್ವಲ್ಪ ಅನ್ನ. ಬೀಡಿ ಕಟ್ಟು. ಪರಮೇಶನ ಪ್ಯಾಂಟಿನ ಜೇಬಿನಲ್ಲಿ ಪೇಪರು ಸುತ್ತಿದ ಕ್ವಾರ್ಟರ್ ಬಾಟಲಿ. ಕರಿಬಸಮ್ಮ ಬಾಳೆಲೆಯನ್ನೂ ತಂದಿದ್ದಳು. ಕೆಂಪು ಕುರ್ಚಿಯನ್ನು ಮಲ್ಲಿಕಾಂಬ ಗೋಡೆಯಿಂದ ಈಚೆಗೆ ತಿರುಗಿಸಿದಳು. ಹಗುರವಾದ ಕುರ್ಚಿ, ಎರಡೂ ಕೈಯಲ್ಲಿ ಮೆಲ್ಲಗೆ ತಿರುಗಿಸಿದಳು. ಮುಂದೆ ಸ್ಟೂಲಿಟ್ಟು ಎಲೆ ಹಾಸಿದರು. ಇನ್ನು ನೀವು ಬಡಿಸಿ ಅಮ್ಮ ಎಂದು ಇವಳು ಹಿಂದೆ ಸರಿದರೆ ಕರಿಬಸಮ್ಮ ಸೌಟನ್ನು ಇವಳ ಕಡೆಗೇ ಹಿಡಿದಳು. 'ಕರ್ದೋರ್ ನೀವು. ಇದು ನಿಮ್ ಜಾಗ. ನನ್ ಕೈಲಿಂದ ಎದ್ದೋದೋರು ನನ್ ಕೈಲಿ ಉಣ್ತಾರಾ?' ಮಲ್ಲಿಕಾಂಬ ಹುಟ್ಟಿದಾಗಿನಿಂದ ಮಾಂಸದ ಪಾತ್ರೆ ಮುಟ್ಟಿದವಳಲ್ಲ. ಕ್ಯಾರಿಯರಿನ ಮುಚ್ಚಳ ತೆಗೆದಾಗ ಎದ್ದ ಮಸಾಲೆಯ ಬಿಸಿ ವಾಸನೆಗೆ ಮುಖ ತಿರುಗಿಸಿದಳು, ಅದರ ಹಿಂದೆಯೇ, ಥೂ, ಬಾಯಲ್ಲಿ ನೀರೂ ಬಂತು. ಕೊರಳಿನ ಲಿಂಗದ ಕರಡಿಗೆಯನ್ನು ಕೈ ತಾನಾಗಿ ಕುಪ್ಪಸದೊಳಗೆ ಸೇರಿಸಿತು. ಅಜ್ಜಿ ಇದ್ದಿದ್ದರೆ ಏನನ್ನುತ್ತಿದ್ದಳು, ಬೆಂಗಳೂರಿನವರು ಏನನ್ನುತ್ತಾರೆ, ಎರಡು ದನಿಗಳೂ ಒಟ್ಟಿಗೆ ಬೈಯತೊಡಗಿದವು. ಅವಳು ಮುದ್ದೆ ಇಟ್ಟಳು. ಸಾರು ಬಡಿಸುವಾಗ ಒಂದು ಮೂಳೆ ಉರುಳಿ ಎಲೆಯಾಚೆ ಹೋಗುವುದರಲ್ಲಿತ್ತು, ಬರಿಗೈಯಲ್ಲಿ ತಡೆದು ಒಳಗೆ ನೂಕಿದಳು. ಬೆರಳು ಬೆಚ್ಚಗಾಯಿತು. ಅದನ್ನು ಸೀರೆಗೆ ಒರೆಸಿಕೊಳ್ಳಲು ಹೋಗಿ ಒರೆಸಲಿಲ್ಲ, ಮನೆಯ ಯಜಮಾನರ ಎದುರಿಗೆ ಹಾಗೆ ಮಾಡಬಾರದು ಅನ್ನಿಸಿತು.

ಕದ ಎಳೆದುಕೊಂಡು ಮೂವರೂ ಹೊರಗೆ ಬಂದು ಮೆಟ್ಟಿಲ ಮೇಲೆ ಕೂತರು. ಕರಿಬಸಮ್ಮ ದನಿ ತಗ್ಗಿಸಿ, ಹಬೆ ಇಳಿಯೋ ತಂಕ ತೆಗೀಬಾರ್ದು, ಅವ್ರು ಉಣ್ಣೋದು ಹಬೇನ ಎಂದಳು. ತರೀಕೆರೆಯ ಹುಡುಗಿ ತನ್ನ ಹೊತ್ತಿಗೆ ಬಂದಿದ್ದಳು. ಮೆಟ್ಟಿಲ ಮೇಲಿನ ಸಾಲು ನೋಡಿ, ಗಾಳಿಯಲ್ಲಿದ್ದ ವಾಸನೆ ಹಿಡಿದು, 'ಯಾರ್ದು ಫಾತೆಹಾ ಮೇಡಂ?' ಎಂದು ಮೆತ್ತಗೆ ಕೇಳಿದಳು. ಸತ್ತವರ ಹೆಸರಲ್ಲಿ ಊಟ ಇಟ್ಟು ಓದಿಸುವುದಕ್ಕೆ ತಮ್ಮಲ್ಲಿ ಹಾಗೆನ್ನುತ್ತಾರೆ ಎಂದಳು. ಇವ್ರ ಯಜಮಾನ್ರದ್ದು ಎಂದು ಮಲ್ಲಿಕಾಂಬ ಹೇಳಿದಳು. ಹುಡುಗಿ ತಲೆಯ ಮೇಲೆ ದುಪಟ್ಟಾ ಎಳೆದುಕೊಂಡು ಕೆಳಗಿನ ಮೆಟ್ಟಿಲಲ್ಲಿ ಜಾಗ ಮಾಡಿಕೊಂಡು ಕೂತಳು. ಕೆಳಗೆ ಅಂಗಡಿಯಲ್ಲಿ ಯಾರೋ ಯೂರಿಯಾ ಮೂಟೆ ಎಣಿಸುತ್ತಿದ್ದರು, ಮರವಂಜಿ ಬಸ್ಸಿನ ಕಂಡಕ್ಟರು ಕೂಗುತ್ತಿದ್ದ. ಬಿಸಿಲು ಮೆಟ್ಟಿಲಿಂದ ಮೆಟ್ಟಿಲಿಗೆ ಇಳಿಯುತ್ತಿತ್ತು. ಮಲ್ಲಿಕಾಂಬನಿಗೆ ಕದದಾಚೆಯ ಕೋಣೆ ಕಣ್ಣಿಗೆ ಕಟ್ಟಿತು. ಆತ ಮೊದಲು ಸುತ್ತ ನೋಡುತ್ತಾನೆ, ಯಾರೂ ಇಲ್ಲವೆಂದು ಖಾತ್ರಿ ಮಾಡಿಕೊಂಡು ಕುರ್ಚಿಯ ಅಂಚಿನಿಂದ ಹಿಂದಕ್ಕೆ ಸರಿದು ಇಷ್ಟು ದಿನಗಳಲ್ಲಿ ಮೊದಲ ಸಲ ಪೂರ್ತಿ ಕೂರುತ್ತಾನೆ, ತೋಳು ಮಡಿಚುತ್ತಾನೆ. ಅವಸರವಿಲ್ಲ. ಮುದ್ದೆ ಮುರಿಯುತ್ತಾನೆ. ಹೊಲದ ಕೆಲಸ ಮುಗಿಸಿ ಬಂದವರು ಉಣ್ಣುವ ಹಾಗೆ, ಲೋಕದಲ್ಲಿ ಅದೊಂದೇ ಕೆಲಸ ಉಳಿದಿದೆ ಎಂಬ ಹಾಗೆ ಉಣ್ಣುತ್ತಾನೆ. ಅವಳ ಕಣ್ಣು ಮಂಜಾದವು. ಮೆಟ್ಟಿಲು, ಬಿಸಿಲು, ಪಕ್ಕದಲ್ಲಿ ತಾಗುತ್ತಿದ್ದ ಮುದುಕಿಯ ಮೂಳೆ ಮೊಣಕೈ, ಎಲ್ಲ ನೀರಿನೊಳಗಿಂದ ಕಂಡ ಹಾಗಿತ್ತು.

ಹಬೆ ಇಳಿದಿರಬೇಕು, ತೆಗೀರಿ ತಾಯಿ ಎಂದಳು ಕರಿಬಸಮ್ಮ. ಮಲ್ಲಿಕಾಂಬ ಏಳಲಿಲ್ಲ. ಇನ್ನು ಸ್ವಲ್ಪ ಹೊತ್ತು ಅಮ್ಮ ಎಂದಳು. ಇನ್ನೊಂದು ಸಲ ಹೇಳಿದಾಗಲೂ ಹಾಗೇ ಎಂದಳು. ಮುದುಕಿ ಅವಳ ಮುಖವನ್ನೇ ನೋಡಿದಳು. ಕದ ತೆಗೆದರೆ ಆತ ಹೊರಡುತ್ತಾನೆ, ನಾಳೆಯಿಂದ ಗೋಡೆಯ ಬಳಿ ಬರಿ ಕುರ್ಚಿ, ಗಾಡಿಯಲ್ಲಿ ಬರಿ ಸೀಟು, ಜನರ ಅಳು ಕೇಳಲು ತಾನೊಬ್ಬಳೇ ಎಂಬುದು ಅವಳಿಗೆ ಆಗ ಹೊಳೆಯಿತು. ತಾನೇ ಆತನನ್ನು ಹಿಡಿದಿಟ್ಟುಕೊಂಡಿದ್ದಳು. ಒಬ್ಬ ಹೆಂಗಸು ಅನ್ನ ನೀರು ಬಿಟ್ಟು ಸಾಯುತ್ತಿರುವಾಗ, ಅವಳ ಗಂಡನನ್ನು ತನ್ನ ಒಂಟಿತನಕ್ಕೆ ಕಾವಲು ಕೂರಿಸಿಕೊಂಡಿದ್ದಳು. ನಾಚಿಕೆ ಆಯಿತು. ಕರಿಬಸಮ್ಮ ಅವಳ ಬೆನ್ನ ಮೇಲೆ ಕೈ ಇಟ್ಟು, 'ನಂಗೂ ಹಂಗೇ ಕಣವ್ವ. ಏಳು' ಎಂದಳು. ಮೇಡಮ್ಮು ಹೋಗಿ ಅವ್ವ ಆಗಿತ್ತು. ಮಲ್ಲಿಕಾಂಬ ಎದ್ದು ಕದ ತೆಗೆದಳು.

ಎಲೆಯ ಮೇಲೆ ಎಲ್ಲ ಇಟ್ಟ ಹಾಗೇ ಇತ್ತು. ಸಾರಿನ ಮೇಲೆ ಜಿಡ್ಡು ಕಟ್ಟಿತ್ತು. ಹಬೆ ಇರಲಿಲ್ಲ. ಕಳಿಸ್ಕೊಡಿ ಎಂದು ಹಿಂದಿನಿಂದ ಕರಿಬಸಮ್ಮ ಪಿಸುಗುಟ್ಟಿದಳು. ಹೋಗಿ ಬನ್ನಿ ಎಂದು ಬಾಯಿಗೆ ಬಂದದ್ದನ್ನು ಮಲ್ಲಿಕಾಂಬ ನಾಲಗೆಯಲ್ಲೇ ಹಿಡಿದಳು, ಇಲ್ಲಿಗೆ ಬನ್ನಿ ಅನ್ನಬಾರದು. 'ನಿಮ್ಮ ಮನೆಗೆ ಹೋಗಿ ಯಜಮಾನ್ರೇ' ಎಂದಳು. 'ಹಬ್ಬಕ್ಕೆ ಅಲ್ಲಿಗೇ ಬನ್ನಿ. ನನ್ನಿಂದ ತಪ್ಪಾಯ್ತು.' ಕಿಟಕಿಯ ಪರದೆ ಅಲುಗಾಡಲಿಲ್ಲ, ಏನೂ ಆಗಲಿಲ್ಲ. ಕರಿಬಸಮ್ಮ ಹೊಸ್ತಿಲಾಚೆಯೇ ನಿಂತು, ಒಳಗೆ ನೋಡಲು ಧೈರ್ಯ ಸಾಲದೆ, ಮಲ್ಲಿಕಾಂಬನ ಸೆರಗಿನ ತುದಿ ಹಿಡಿದುಕೊಂಡು ಕೇಳಿದಳು:

'ಹೋದ್ರಾ?'

ಹೌದು ಅನ್ನಬೇಡಿ, ಇಲ್ಲ ಅನ್ನಬೇಡಿ. ಮಲ್ಲಿಕಾಂಬ ಕುರ್ಚಿಯನ್ನು ನೋಡಿದಳು. ಬೇಕೆಂದೇ ಹುಡುಕಿದಳು, ಟವೆಲಿಗಾಗಿ, ಬೀಡಿಗಾಗಿ. ಕೆಂಪು ಪ್ಲಾಸ್ಟಿಕ್ಕು, ಒಂದು ಕಡೆ ಸೀಳು, ಅಷ್ಟೇ ಇತ್ತು.

'ಹೋದ್ರು ಅಮ್ಮ.'

ಕರಿಬಸಮ್ಮ ಒಂದು ಸಲ ಜೋರಾಗಿ ಅತ್ತಳು, ಕೆಳಗಿನ ಅಂಗಡಿಯವರು ಎಣಿಕೆ ನಿಲ್ಲಿಸುವಷ್ಟು ಜೋರಾಗಿ. ಪರಮೇಶ ಗೋಡೆಯ ಕಡೆ ತಿರುಗಿ ನಿಂತ. ಆಮೇಲೆ ಅವಳು ಮೂಗು ಒರೆಸಿಕೊಂಡು ಒಳಗೆ ಬಂದು, ನೆಲದ ಮೇಲೆ ಚಕ್ಕಳಮಕ್ಕಳ ಹಾಕಿ ಕೂತು, ಎಲೆಯನ್ನು ಸ್ಟೂಲಿನಿಂದ ಇಳಿಸಿ ಮುಂದೆ ಎಳೆದುಕೊಂಡಳು. ಆ ಬಲಗೈಯಿಂದಲೇ ಮುದ್ದೆ ಮುರಿದು, ಆರಿದ ಸಾರಿನಲ್ಲಿ ಅದ್ದಿ, ಬಾಯಿಗಿಟ್ಟು, ಕಣ್ಣು ಮುಚ್ಚಿ ನುಂಗಿದಳು. ಎಲ್ಲರೂ ಅವಳ ಗಂಟಲನ್ನೇ ನೋಡುತ್ತಿದ್ದರು. ಇಳಿಯಿತು.

'ಉಪ್ಪು ಮುಂದಾಗೈತೆ ಕಣೋ ಪರಮೇಶ' ಎಂದಳು. 'ಒಂದ್ ಮಾತೂ ಆಡ್ದಂಗೆ ಉಂಡು ಹೋಗವ್ರೆ ನೋಡು.'